ಪಾಲುಪಟ್ಟಿಯಲ್ಲಿ ಕಾಣದ ಹೆಸರು

ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ಅಣ್ಣತಮ್ಮಂದಿರು ಬೇರೆಯಾಗುವಾಗ ಊರಿನ ನಾಲ್ವರು ಹಿರಿಯರು ಪಂಚರಾಗಿ ಜಗಲಿಯ ಮೇಲೆ ಕುಳಿತು, ತರಿ ಎಷ್ಟು, ಖುಷ್ಕಿ ಎಷ್ಟು, ಬಾವಿಯ ನೀರು ಯಾವ ದಿನ ಯಾರ ಹೊಲಕ್ಕೆ, ಹಿತ್ತಿಲ ಹಲಸಿನ ಮರದ ಫಲ ಯಾರಿಗೆ, ತಂದೆ ಮಾಡಿಟ್ಟ ಸಾಲ ಯಾರ ತಲೆಗೆ, ವಯಸ್ಸಾದ ತಾಯಿ ಯಾವ ಮಗನ ಮನೆಯಲ್ಲಿ ಎಷ್ಟು ತಿಂಗಳು ಎಂಬುದನ್ನೆಲ್ಲ ಕೂಲಂಕಷವಾಗಿ ಚರ್ಚಿಸಿ, ಹಿಸ್ಸೆಗಳನ್ನು ಸರಿದೂಗಿಸಿ, ಚೀಟಿ ಬರೆದು, ಆ ಚೀಟಿಗಳನ್ನು ಎತ್ತುವುದಕ್ಕೆ ಕೆಲವೊಮ್ಮೆ ಮನೆಯದೇ ಒಂದು ಚಿಕ್ಕ ಮಗುವನ್ನು ಕರೆಯುವುದುಂಟು. ಮಗು ಪಕ್ಷಪಾತವನ್ನರಿಯದು, ಅದರ ಕೈಗೆ ಬಂದದ್ದು ದೈವ ಕೊಟ್ಟದ್ದು ಎಂಬ ನಂಬಿಕೆ ಈ ಪದ್ಧತಿಯ ಹಿಂದೆ ಇದೆ. ಆ ಮಗುವಾದರೋ, ತಾನು ಎತ್ತುತ್ತಿರುವುದು ಏನೆಂದು ತಿಳಿಯದೆ ತನ್ನ ಮನೆಯನ್ನು ತಾನೇ ಎರಡು ಮಾಡಿ, ಬಹುಮಾನವಾಗಿ ಸಿಕ್ಕ ಒಂದು ತುಂಡು ಬೆಲ್ಲವನ್ನು ಬಾಯಿಗೆ ಹಾಕಿಕೊಂಡು ಆಡಲು ಓಡುತ್ತದೆ. ಸಂಜೆ ನಡುಮನೆಯ ಆಚೆ ಇನ್ನೊಂದು ಒಲೆ ಹೊತ್ತಿದ ಮೇಲೆ, ದಿನದ ರೂಢಿಯಂತೆ ದೊಡ್ಡಮ್ಮನ ಪಕ್ಕದಲ್ಲಿ ತಟ್ಟೆಯಿಟ್ಟುಕೊಂಡು ಕೂರಲು ಹೋದಾಗ, "ಇನ್ನು ಮೇಲೆ ಆ ಕಡೆ ಊಟಕ್ಕೆ ಹೋಗಬಾರದು ಕಣೋ" ಎಂದು ತಾಯಿ ರಟ್ಟೆ ಹಿಡಿದು ಎಳೆದುಕೊಂಡು ಬರುತ್ತಾಳೆ. ಮನೆ ಪಾಲಾದ ಸುದ್ದಿ ಮಗುವಿಗೆ ತಲುಪುವ ಬಗೆ ಇದು.

ಆಸ್ತಿಯ ವಿಷಯದಲ್ಲಿ ನಮ್ಮ ಪೂರ್ವಿಕರು ಮಗುವನ್ನು ಮರೆತವರಲ್ಲ. ಈಗಿನ ಬಸವಕಲ್ಯಾಣದಲ್ಲಿ, ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ 'ಮಿತಾಕ್ಷರಾ' ವ್ಯಾಖ್ಯಾನವು ಭರತಖಂಡದ ಬಹುಭಾಗಕ್ಕೆ ದಾಯವಿಭಾಗದ ಪ್ರಮಾಣಗ್ರಂಥವಾಯಿತು. ಅದರಂತೆ ಮಗನಿಗೆ ಪಿತ್ರಾರ್ಜಿತದಲ್ಲಿ ಹುಟ್ಟಿನಿಂದಲೇ ಹಕ್ಕು ಬರುತ್ತದೆ, ಮಾತ್ರವಲ್ಲ, ವಿಭಾಗದ ಕಾಲಕ್ಕೆ ತಾಯಿಯ ಗರ್ಭದಲ್ಲಿರುವವನಿಗೂ ಪಾಲುಂಟು. ಹೆಣ್ಣುಮಕ್ಕಳಿಗೆ ಈ ಜನ್ಮಸಿದ್ಧವಾದ ಹಕ್ಕು ದೊರೆಯಲು ಕರ್ನಾಟಕದಲ್ಲಿ 1994ರವರೆಗೂ, ದೇಶದ ಉಳಿದ ಬಹುಭಾಗದಲ್ಲಿ 2005ರವರೆಗೂ ಕಾಯಬೇಕಾಯಿತು. ಅದು ಬೇರೆಯೇ ಒಂದು ಲೇಖನಕ್ಕೆ ತಕ್ಕ ವಿಷಯ. ಇಲ್ಲಿ ಹೇಳಬೇಕಾದುದಿಷ್ಟು: ಇನ್ನೂ ಹುಟ್ಟದ ಶಿಶುವಿಗೂ ನೆಲದಲ್ಲಿ ಪಾಲನ್ನು ಲೆಕ್ಕಹಾಕಿ ತೆಗೆದಿಟ್ಟ ಈ ಸೂಕ್ಷ್ಮದೃಷ್ಟಿಯು, ಹುಟ್ಟಿ ಏಳೆಂಟು ವರ್ಷ ಆ ಮನೆಯಲ್ಲಿ ಬೆಳೆದ ಮಗುವಿಗೆ ಅಲ್ಲಿದ್ದ ಇತರ ಸಂಪತ್ತನ್ನು, ಎಂದರೆ ಕಥೆ ಹೇಳುತ್ತಿದ್ದ ಸೋದರತ್ತೆಯನ್ನು, ಜಾತ್ರೆಯಲ್ಲಿ ಹೆಗಲ ಮೇಲೆ ಕೂರಿಸಿಕೊಳ್ಳುತ್ತಿದ್ದ ಚಿಕ್ಕಪ್ಪನನ್ನು, ಒಂದೇ ಚಾಪೆಯ ಮೇಲೆ ಮಲಗುತ್ತಿದ್ದ ದೊಡ್ಡಪ್ಪನ ಮಕ್ಕಳನ್ನು, ಯಾವ ಪಾಲುಪಟ್ಟಿಯಲ್ಲೂ ಬರೆಯಲಿಲ್ಲ. ಬರೆಯದೆ ಇದ್ದುದು ಯಾರ ಪಾಲಿಗೂ ಬಾರದೆ ಹೋಯಿತು.

ಇಷ್ಟು ಹೇಳಿದೊಡನೆ, ಅವಿಭಕ್ತ ಕುಟುಂಬವೇ ಮಕ್ಕಳಿಗೆ ಸ್ವರ್ಗವಾಗಿತ್ತೆಂದೂ ಅದು ಒಡೆದದ್ದೇ ಸಕಲ ಅನಿಷ್ಟಕ್ಕೂ ಮೂಲವೆಂದೂ ಹಾಡುವ ವಿಲಾಪಗೀತೆಗೆ ನಾನೂ ದನಿಗೂಡಿಸುತ್ತಿರುವೆನೆಂದು ಓದುಗರು ಭಾವಿಸಕೂಡದು. ಸಮಾಜಶಾಸ್ತ್ರಜ್ಞರಾದ ಎ. ಎಂ. ಶಾ ಅವರು 1973ರಲ್ಲಿ ಪ್ರಕಟಿಸಿದ ತಮ್ಮ ಗ್ರಂಥದಲ್ಲಿ, ಹಿಂದಿನ ಕಾಲದಲ್ಲಿ ಎಲ್ಲರೂ ದೊಡ್ಡ ಕೂಡುಕುಟುಂಬಗಳಲ್ಲೇ ಬಾಳುತ್ತಿದ್ದರೆಂಬ ಗ್ರಹಿಕೆಯನ್ನು ಪ್ರಶ್ನಿಸಿ, ಒಂದೇ ಮನೆತನವು ಕಾಲಕ್ರಮದಲ್ಲಿ ಹಿಗ್ಗುತ್ತಲೂ ಕುಗ್ಗುತ್ತಲೂ ಇರುವುದನ್ನು ತೋರಿಸಿಕೊಟ್ಟರು. ಮಗ ಮದುವೆಯಾದಾಗ ಮನೆ ಹಿಗ್ಗುತ್ತದೆ, ತಂದೆ ತೀರಿಕೊಂಡ ಮೇಲೆ ಒಡೆಯುತ್ತದೆ, ಒಡೆದ ಒಂದೊಂದು ತುಂಡೂ ಮತ್ತೆ ಬೆಳೆಯುತ್ತದೆ. ಕುಟುಂಬವು ಬದಲಾಗುವುದು ಹೊಸ ವಿಪತ್ತೇನಲ್ಲ. ಪ್ಲೇಗು, ಕ್ಷಾಮ, ಬಾಣಂತಿಯರ ಮರಣ, ಎಳೆಯ ವಯಸ್ಸಿನ ವೈಧವ್ಯ ಇವುಗಳ ನಡುವೆ ಬೆಳೆದ ನಮ್ಮ ಅಜ್ಜ ಅಜ್ಜಿಯರ ಬಾಲ್ಯವು ನಮ್ಮ ಮಕ್ಕಳ ಬಾಲ್ಯಕ್ಕಿಂತ ಸ್ಥಿರವಾಗಿತ್ತೆಂದು ಹೇಳುವುದಕ್ಕೆ ಧೈರ್ಯ ಸಾಲದು. ಬದಲಾವಣೆಯನ್ನು ತಾಳಿಕೊಳ್ಳುವ ಶಕ್ತಿ ಮಕ್ಕಳಲ್ಲಿ ನಾವು ಎಣಿಸುವುದಕ್ಕಿಂತ ಹೆಚ್ಚಾಗಿಯೇ ಇದೆ. ಅವರು ತಾಳಲಾರದುದು ಎರಡು: ಏನು ನಡೆಯಲಿದೆಯೆಂದು ಯಾರೂ ಹೇಳದಿರುವ ಮೌನ ಒಂದು, ನಡೆಯುತ್ತಿರುವ ವ್ಯಾಜ್ಯದಲ್ಲಿ ತಮ್ಮನ್ನೇ ಸಾಕ್ಷಿಯನ್ನಾಗಿಯೋ ದೂತನನ್ನಾಗಿಯೋ ಮಾಡಿಕೊಳ್ಳುವುದು ಇನ್ನೊಂದು.

ಈ ಮಾತಿಗೆ ನಿದರ್ಶನವನ್ನು ದೂರದಲ್ಲಿ ಹುಡುಕಬೇಕಾಗಿಲ್ಲ. ತುಳುನಾಡಿನ ಬಂಟರೇ ಮೊದಲಾದ ಸಮುದಾಯಗಳಲ್ಲಿ ರೂಢಿಯಲ್ಲಿದ್ದ ಅಳಿಯಸಂತಾನ ಕಟ್ಟಿನಲ್ಲಿ ಮಗುವು ತಾಯಿಯ ಕುಟುಂಬಕ್ಕೆ ಸೇರಿದ್ದು. ಆಸ್ತಿ ಹೆಣ್ಣಿನ ಸಂತತಿಯಲ್ಲಿ ಇಳಿಯುತ್ತಿತ್ತು. ಮನೆತನದ ಆಡಳಿತ ಹಿರಿಯ ಸೋದರಮಾವನ ಕೈಯಲ್ಲೋ, ಕೆಲವೊಮ್ಮೆ ಯಜಮಾನ್ತಿಯಾದ ಹಿರಿಯ ಹೆಣ್ಣಿನ ಕೈಯಲ್ಲೋ ಇರುತ್ತಿತ್ತು. ಗಂಡಹೆಂಡಿರು ಅಗಲಿದರೆ ಹೆಂಡತಿ ತನ್ನ ಮೂಲಮನೆಗೆ ಹಿಂದಿರುಗುವಳು. ಅಲ್ಲಿ ಅವಳಿಗೂ ಅವಳ ಮಕ್ಕಳಿಗೂ ಯಾರ ದಯೆಯೂ ಬೇಕಿಲ್ಲದ ಸ್ಥಾನವಿರುವುದು. ತಂದೆತಾಯಿಯರ ದಾಂಪತ್ಯ ಮುರಿದರೂ ಮಗುವಿನ ಹೆಸರು, ಮನೆ, ಅನ್ನ ಯಾವುವೂ ಅದರೊಡನೆ ಮುರಿಯುತ್ತಿರಲಿಲ್ಲ. ಸೋದರಮಾವಂದಿರೆಲ್ಲರೂ ಸಜ್ಜನರಾಗಿದ್ದರೆಂದಾಗಲಿ, ಅಲ್ಲಿ ಜಗಳಗಳಿರಲಿಲ್ಲವೆಂದಾಗಲಿ ಇದರ ಅರ್ಥವಲ್ಲ. ಕುಟುಂಬದ ಆಸ್ತಿಯನ್ನು ವಿಭಾಗಿಸಿಕೊಳ್ಳಬೇಕೆಂಬ ಒತ್ತಾಯ ಬಲವಾಗಿಯೇ 1949ರಲ್ಲಿ ಮದ್ರಾಸು ಸರ್ಕಾರ ಅಳಿಯಸಂತಾನ ಶಾಸನವನ್ನು ತರಬೇಕಾಯಿತು, 1956ರ ಹಿಂದೂ ಉತ್ತರಾಧಿಕಾರ ಶಾಸನದ ಬಳಿಕ ಆ ಕಟ್ಟು ಕ್ರಮೇಣ ಸಡಿಲವಾಯಿತು. ಆದರೂ ಒಂದು ಅಂಶವು ಅದರಿಂದ ಸ್ಪಷ್ಟವಾಗುತ್ತದೆ: ಗಂಡಹೆಂಡಿರ ಅಗಲಿಕೆ ಮಗುವಿನ ನೆಲೆಯನ್ನು ಅಲುಗಿಸಲೇಬೇಕೆಂಬುದು ಪ್ರಕೃತಿನಿಯಮವಲ್ಲ. ಅದು ಮನೆಯನ್ನು ಕಟ್ಟಿದವರು ಹೇಗೆ ಕಟ್ಟಿದ್ದಾರೆಂಬುದನ್ನು ಅವಲಂಬಿಸಿದೆ.

ಇನ್ನೊಂದು ನಿದರ್ಶನ ಗುಳೆಯದು. ರಾಯಚೂರು, ಯಾದಗಿರಿ, ಕಲಬುರಗಿ ಜಿಲ್ಲೆಗಳ ಮಳೆಯಾಶ್ರಿತ ಊರುಗಳಿಂದ, ಸುಗ್ಗಿ ಮುಗಿದು ಕೂಲಿ ನಿಂತೊಡನೆ, ಗಂಡಹೆಂಡಿರು ಬೆಂಗಳೂರಿನ ಕಟ್ಟಡದ ಕೆಲಸಕ್ಕೋ ಇಟ್ಟಿಗೆ ಭಟ್ಟಿಗೋ ಗಂಟುಮೂಟೆ ಕಟ್ಟಿಕೊಂಡು ಹೊರಡುತ್ತಾರೆ; ಶಾಲೆಗೆ ಹೋಗುವ ಮಕ್ಕಳನ್ನು ಅಜ್ಜಿಯ ಬಳಿ ಬಿಡುತ್ತಾರೆ. ಹೀಗೆ ಒಂದು ಕುಟುಂಬವು ಪ್ರತಿವರ್ಷವೂ ಒಡೆದು ಪ್ರತಿವರ್ಷವೂ ಕೂಡಿಕೊಳ್ಳುತ್ತದೆ. ಅದರ ಕಷ್ಟವನ್ನು ನಾನು ಹಗುರ ಮಾಡುತ್ತಿಲ್ಲ; ಕರುಳಿನ ಸಂಕಟದ ಜೊತೆಗೆ ಶಾಲೆ ತಪ್ಪುವುದು, ಹಿರಿಮಗಳು ತಮ್ಮನನ್ನು ಎತ್ತಿಕೊಂಡೇ ಬೆಳೆಯುವುದು, ಎಲ್ಲವೂ ಅದರಲ್ಲಿವೆ. ಆದರೆ ಆ ಮಗುವನ್ನು ಕೇಳಿ ನೋಡಿರಿ: "ಅಪ್ಪ ಅವ್ವ ಎಲ್ಲಿಗೆ ಹೋಗ್ಯಾರ?" "ಬೆಂಗ್ಳೂರಿಗೆ ದುಡಿಯಾಕ." "ಯಾವಾಗ ಬರ್ತಾರ?" "ಯುಗಾದಿಗೆ." ಆ ಮಗುವಿನ ಬಳಿ ಉತ್ತರವಿದೆ. ಏಕೆ ಹೋದರು, ಎಂದು ಬರುವರು, ಅಲ್ಲಿಯವರೆಗೆ ತನಗೆ ಬುತ್ತಿ ಕಟ್ಟುವವರು ಯಾರು ಎಂಬ ಮೂರೂ ಪ್ರಶ್ನೆಗಳಿಗೆ ಉತ್ತರ ಗೊತ್ತಿರುವ ಮಗು ಬಡತನದಲ್ಲಿಯೂ ಒಂದು ಬಗೆಯ ಧೈರ್ಯದಿಂದ ಕಾಯುತ್ತದೆ. ಪಟ್ಟಣದ ಸುಸಜ್ಜಿತವಾದ ಮನೆಗಳಲ್ಲಿ ತಂದೆ ಆರು ತಿಂಗಳಿನಿಂದ ಕಾಣದಿದ್ದರೂ "ಅಪ್ಪನಿಗೆ ಆಫೀಸಿನ ಕೆಲಸ" ಎಂಬ ಒಂದೇ ಉತ್ತರವನ್ನು ಕೇಳುತ್ತ, ಅದು ಸುಳ್ಳೆಂದು ಅರಿತು, ಅರಿತೆನೆಂದು ತೋರಿಸಿಕೊಳ್ಳಲಾರದೆ ಬೆಳೆಯುತ್ತಿರುವ ಮಕ್ಕಳಿಗೆ ಈ ಭಾಗ್ಯವಿಲ್ಲ.

ಮಗು ಅಳುವುದನ್ನು ನಿಲ್ಲಿಸಿದೊಡನೆ "ಹೊಂದಿಕೊಂಡಿತು" ಎಂದು ಹಿರಿಯರು ನಿಟ್ಟುಸಿರುಬಿಡುವುದು ಲೋಕಾಭ್ಯಾಸ. ಈ ಸಮಾಧಾನ ಎಷ್ಟು ಪೊಳ್ಳೆಂಬುದನ್ನು ಇಂಗ್ಲೆಂಡಿನಲ್ಲಿ ಜೇಮ್ಸ್ ರಾಬರ್ಟ್‌ಸನ್ ಎಂಬಾತನು 1952ರಲ್ಲಿ ಒಂದು ಚಲನಚಿತ್ರದ ಮೂಲಕ ತೋರಿಸಿದನು. ಮನೋವೈದ್ಯ ಜಾನ್ ಬೌಲ್ಬಿಯ ಸಹೋದ್ಯೋಗಿಯಾಗಿದ್ದ ಈತ, ಸಣ್ಣದೊಂದು ಶಸ್ತ್ರಚಿಕಿತ್ಸೆಗಾಗಿ ಎಂಟು ದಿನ ಆಸ್ಪತ್ರೆ ಸೇರಿದ ಎರಡು ವರ್ಷದ ಒಂದು ಹೆಣ್ಣುಮಗುವನ್ನು ದಿನದಿನವೂ ಚಿತ್ರೀಕರಿಸಿದ. ತಂದೆತಾಯಿಯರು ಹಾಸಿಗೆಯ ಬಳಿ ಹೆಚ್ಚು ಹೊತ್ತು ಇರುವುದನ್ನು ಆಗಿನ ಆಸ್ಪತ್ರೆಗಳು ಒಪ್ಪುತ್ತಿರಲಿಲ್ಲ. ಬಂದು ಹೋದರೆ ಮಗು ಇನ್ನಷ್ಟು ಅಳುವುದು, ಬಾರದಿದ್ದರೆ ಸುಮ್ಮನಾಗುವುದು ಎಂಬುದು ದಾದಿಯರ ಅನುಭವಸಿದ್ಧವಾದ ತರ್ಕವಾಗಿತ್ತು. ಆ ಮಗುವೂ ರಚ್ಚೆ ಹಿಡಿಯಲಿಲ್ಲ, ಬಹುಮಟ್ಟಿಗೆ ಸುಮ್ಮನೆಯೇ ಇತ್ತು. ಆದರೆ ಆ ಶಾಂತಿಯ ಹಿಂದೆ ಏನು ನಡೆಯುತ್ತಿತ್ತೆಂಬುದು ಅದರ ಮುಖವನ್ನು ಹತ್ತಿರದಿಂದ ನೋಡಿದವರಿಗೆ ಅರ್ಥವಾಗದಿರಲಿಲ್ಲ. ಅಗಲಿಕೆಯಲ್ಲಿ ಮಗು ಮೊದಲು ಪ್ರತಿಭಟಿಸುವುದು, ಬಳಿಕ ಹತಾಶವಾಗುವುದು, ಕೊನೆಗೆ ಮನಸ್ಸನ್ನೇ ಬಿಗಿದುಕೊಂಡು ನಿರ್ಲಿಪ್ತವಾಗುವುದು ಎಂದು ರಾಬರ್ಟ್‌ಸನ್ ಮತ್ತು ಬೌಲ್ಬಿ ವಿವರಿಸಿದರು. ಮೊದಮೊದಲು ವೈದ್ಯರು ಈ ಚಿತ್ರವನ್ನು ಕಂಡು ಸಿಡುಕಿದರು. ಆದರೂ 1959ರ ಪ್ಲಾಟ್ ಸಮಿತಿಯ ವರದಿಯು ಮಕ್ಕಳ ಹಾಸಿಗೆಯ ಬಳಿಗೆ ತಂದೆತಾಯಿಯರನ್ನು ನಿರ್ಬಂಧವಿಲ್ಲದೆ ಬಿಡಬೇಕೆಂದು ಶಿಫಾರಸು ಮಾಡಿತು.

ಇದನ್ನು ನಾನು ಇಷ್ಟು ದೀರ್ಘವಾಗಿ ಹೇಳಿದ್ದಕ್ಕೆ ಕಾರಣವುಂಟು. ಮನೆಯಲ್ಲಿ ದೊಡ್ಡದೊಂದು ಪಲ್ಲಟವಾದ ಮೇಲೆ ರಂಪ ಮಾಡುವ, ಹಟ ಹಿಡಿಯುವ, ಬಿಟ್ಟ ಅಭ್ಯಾಸಕ್ಕೆ ಮರಳಿ ಹಾಸಿಗೆ ಒದ್ದೆಮಾಡುವ ಮಗುವಿನ ಕಡೆಗೆ ನಮ್ಮ ಗಮನ ಹೋಗುತ್ತದೆ, ವೈದ್ಯರ ಬಳಿಗೂ ಕರೆದೊಯ್ಯುತ್ತೇವೆ. ಹೇಳದೆಯೇ ತನ್ನ ಬಟ್ಟೆಯನ್ನು ತಾನೇ ಮಡಿಸಿಟ್ಟು, ತಂಗಿಗೆ ಜಡೆ ಹಾಕಿ, ಅಮ್ಮನ ಕಣ್ಣು ಕೆಂಪಾಗಿದ್ದರೆ ಕಾಫಿಗೆ ನೀರಿಟ್ಟು, ಪರೀಕ್ಷೆಯಲ್ಲೂ ಒಳ್ಳೆಯ ಅಂಕ ತರುವ ಒಂಬತ್ತು ವರ್ಷದ ಹುಡುಗಿಯನ್ನು ಮಾತ್ರ ನೆಂಟರಿಷ್ಟರೆಲ್ಲ ಸೇರಿ "ಎಂಥ ಜಾಣೆ, ಎಷ್ಟು ತಿಳಿವಳಿಕೆ" ಎಂದು ಹೊಗಳುತ್ತೇವೆ. ಆ ಹೊಗಳಿಕೆ ಅವಳಿಗೆ ಬೀಗಮುದ್ರೆಯಾಗುತ್ತದೆ. ಇನ್ನು ಅವಳು ಅಳುವಂತಿಲ್ಲ.

ಈಗ ವಿವಾಹವಿಚ್ಛೇದನದ ಮಾತಿಗೆ ಬರೋಣ. ನಮ್ಮ ಕಾನೂನು ಈ ವಿಷಯದಲ್ಲಿ ಒರಟಾದುದಲ್ಲ. 1890ರ ಗಾರ್ಡಿಯನ್ಸ್ ಅಂಡ್ ವಾರ್ಡ್ಸ್ ಶಾಸನವೇ ಮಗುವಿನ ಕ್ಷೇಮವನ್ನು ನೋಡಬೇಕೆಂದು ಹೇಳಿ, ವಿವೇಚನೆಯಿಂದ ಇಚ್ಛೆಯನ್ನು ತಿಳಿಸುವಷ್ಟು ದೊಡ್ಡದಾಗಿದ್ದರೆ ಆ ಇಚ್ಛೆಯನ್ನೂ ನ್ಯಾಯಾಲಯವು ಪರಿಗಣಿಸಬಹುದೆಂದಿತು. 1956ರ ಹಿಂದೂ ಅಪ್ರಾಪ್ತವಯಸ್ಕರ ರಕ್ಷಕತ್ವದ ಶಾಸನವು ಮಗುವಿನ ಕ್ಷೇಮವೇ ಸರ್ವೋಪರಿಯೆಂದು ವಿಧಿಸಿ, ಐದು ವರ್ಷ ತುಂಬದ ಮಗು ಸಾಮಾನ್ಯವಾಗಿ ತಾಯಿಯ ಬಳಿ ಇರತಕ್ಕುದೆಂದಿತು. 1984ರ ಕೌಟುಂಬಿಕ ನ್ಯಾಯಾಲಯಗಳ ಶಾಸನವು ವ್ಯಾಜ್ಯಕ್ಕಿಂತ ರಾಜಿಸಂಧಾನಕ್ಕೆ ಪ್ರಾಶಸ್ತ್ಯ ಕೊಟ್ಟು ಆಪ್ತಸಮಾಲೋಚಕರನ್ನು ನೇಮಿಸಲು ಅವಕಾಶ ಮಾಡಿತು. 2020ರ ಒಂದು ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯವು, ಮಗು ಯಾರ ಬಳಿ ಇಲ್ಲವೋ ಆ ತಂದೆಗೋ ತಾಯಿಗೋ ಅದನ್ನು ಕಾಣುವುದಲ್ಲದೆ ವಿಡಿಯೋ ಕರೆಯ ಮೂಲಕ ಮಾತನಾಡುವ ಅವಕಾಶವೂ ಇರಬೇಕೆಂದು ಹೇಳಿತು. ಶಾಸನವು ಹೋಗಬಹುದಾದಷ್ಟು ದೂರ ಹೋಗಿದೆ. ಅದರಾಚೆಗೆ ಮನುಷ್ಯರು ನಡೆಯಬೇಕಾದ ದಾರಿಯಿದೆ.

ಒಂದು ಕೌಟುಂಬಿಕ ನ್ಯಾಯಾಲಯದ ಮಕ್ಕಳ ಕೊಠಡಿಯಲ್ಲಿ ಕಂಡ ದೃಶ್ಯವಿದು. ಪ್ಲಾಸ್ಟಿಕ್ ಕುರ್ಚಿಗಳು, ಚಕ್ರ ಕಳಚಿದ ಒಂದು ಆಟದ ಕಾರು, ಗೋಡೆಯ ಮೇಲೆ ಬಣ್ಣ ಮಾಸಿದ ಆನೆಯ ಚಿತ್ರ. ತಿಂಗಳಿಗೆರಡು ಸಲ ಮಗಳನ್ನು ನೋಡುವ ಅನುಮತಿಯಿದ್ದ ತಂದೆ ಬಣ್ಣದ ಪೆನ್ಸಿಲ್ಲುಗಳ ದೊಡ್ಡ ಪೆಟ್ಟಿಗೆಯೊಂದನ್ನು ತಂದಿದ್ದ. ಆರು ವರ್ಷದ ಆ ಹುಡುಗಿ ಕೈ ಚಾಚುವ ಮೊದಲು ಬಾಗಿಲಲ್ಲಿ ನಿಂತ ತಾಯಿಯ ಮುಖವನ್ನೊಮ್ಮೆ ನೋಡಿ "ಬೇಡ" ಎಂದಳು. ತಾಯಿ ಏನನ್ನೂ ಹೇಳಿರಲಿಲ್ಲ. ಹೇಳುವ ಅಗತ್ಯವೂ ಇರಲಿಲ್ಲ. ವಕೀಲರು ಕರೆದರೆಂದು ತಾಯಿ ಆಚೆ ಹೋದೊಡನೆ ಹುಡುಗಿ ಪೆಟ್ಟಿಗೆಯನ್ನು ತೆರೆದು, ನೇರಳೆ ಬಣ್ಣದ ಪೆನ್ಸಿಲನ್ನು ತೆಗೆದು, ತಂದೆಯ ಕೈಯಲ್ಲಿದ್ದ ಕಾಗದದ ಹಿಂಬದಿಯಲ್ಲಿ ಬಾತುಕೋಳಿಯೊಂದನ್ನು ಬರೆಯತೊಡಗಿದಳು. ಕಾರಿಡಾರಿನಲ್ಲಿ ಚಪ್ಪಲಿಯ ಸದ್ದಾದಾಗ ಪೆನ್ಸಿಲ್ ಮತ್ತೆ ಪೆಟ್ಟಿಗೆಯೊಳಗೆ ತನ್ನ ಜಾಗಕ್ಕೆ ಹೋಯಿತು. ಆ ತಂದೆತಾಯಿಯರಿಬ್ಬರೂ ಮಗಳನ್ನು ಪ್ರೀತಿಸುವವರೇ ಎಂಬುದರಲ್ಲಿ ನನಗೆ ಸಂದೇಹವಿಲ್ಲ. ಒಬ್ಬರನ್ನು ಪ್ರೀತಿಸಿದರೆ ಇನ್ನೊಬ್ಬರಿಗೆ ದ್ರೋಹವಾದೀತೆಂಬ ಲೆಕ್ಕಾಚಾರವನ್ನು ಆರು ವರ್ಷದವಳಿಗೆ ಕಲಿಸಿದವರೂ ಅವರೇ.

ಅಮೆರಿಕದಲ್ಲಿ ಈ ವಿಷಯವನ್ನು ದಶಕಗಳ ಕಾಲ ಅಧ್ಯಯನ ಮಾಡಿದವರಿದ್ದಾರೆ. 1970ರ ದಶಕದ ಆದಿಯಲ್ಲಿ ಕ್ಯಾಲಿಫೋರ್ನಿಯಾದ ವಿಚ್ಛಿನ್ನ ಕುಟುಂಬಗಳ ಮಕ್ಕಳನ್ನು ಕಂಡು ಮಾತನಾಡಿಸಿದ ಜೂಡಿತ್ ವಾಲರ್‌ಸ್ಟೀನ್, ಆ ನೋವು ಪ್ರೌಢಾವಸ್ಥೆಯವರೆಗೂ ಹಿಂಬಾಲಿಸುವುದೆಂದು ವಾದಿಸಿದರು. ಇನ್ನೂ ಹೆಚ್ಚು ಕುಟುಂಬಗಳನ್ನು ಪರಿಶೀಲಿಸಿದ ಮೇವಿಸ್ ಹೆದರಿಂಗ್ಟನ್, ಅಂಥ ಮಕ್ಕಳಲ್ಲಿ ಶೇಕಡ 20ರಿಂದ 25ರಷ್ಟು ಮಂದಿ ಗಂಭೀರವಾದ ತೊಂದರೆಗೆ ಒಳಗಾಗುವರೆಂದೂ, ಒಡೆಯದ ಕುಟುಂಬಗಳಲ್ಲಿ ಈ ಪ್ರಮಾಣ ಶೇಕಡ 10ರಷ್ಟೆಂದೂ 2002ರ ತಮ್ಮ ಗ್ರಂಥದಲ್ಲಿ ಹೇಳಿದರು. ಅಪಾಯ ಇಮ್ಮಡಿಯಾಗುತ್ತದೆ ಎಂದು ಈ ಅಂಕಿಗಳನ್ನು ಓದಬಹುದು. ಮುಕ್ಕಾಲು ಪಾಲು ಮಕ್ಕಳು ಚೇತರಿಸಿಕೊಳ್ಳುತ್ತಾರೆ ಎಂದೂ ಓದಬಹುದು. ಎರಡೂ ನಿಜ. ಅಲ್ಲಿಯ ಅಂಕಿಗಳನ್ನು ಇಲ್ಲಿಗೆ ನೇರವಾಗಿ ಅನ್ವಯಿಸುವುದು ತರವಲ್ಲ. ವಿಚ್ಛೇದನ ವಿರಳವಾಗಿಯೂ ಲೋಕಾಪವಾದಕ್ಕೆ ಗುರಿಯಾಗಿಯೂ ಇರುವ ನಮ್ಮ ಸಮಾಜದಲ್ಲಿ ಮಗುವಿನ ಹೊರೆ ಬೇರೆ ಬಗೆಯದು. ಆದರೆ ಚಿಕ್ಕ ಮಕ್ಕಳು ಮನೆ ಒಡೆದದ್ದಕ್ಕೆ ತಾವೇ ಕಾರಣರೆಂದು ಗುಟ್ಟಾಗಿ ನಂಬುತ್ತಾರೆಂಬ ಒಂದು ಸಂಗತಿಯನ್ನು ಅಲ್ಲಿಯವರೂ ಇಲ್ಲಿಯವರೂ ಕಂಡಿದ್ದಾರೆ. ಹಾಲು ಚೆಲ್ಲಿದ ದಿನವೇ ಅಪ್ಪ ಸಿಟ್ಟಾಗಿ ಹೊರಗೆ ಹೋದದ್ದು. ಹಾಲು ಚೆಲ್ಲಿದ್ದರಿಂದಲೇ ಹೋದರು. ಎಳೆಯ ಬುದ್ಧಿಯ ಕಾರ್ಯಕಾರಣ ನ್ಯಾಯ ಇಷ್ಟು ಸರಳ, ಇಷ್ಟು ನಿಷ್ಠುರ. ಹಿರಿಯರ ಮೌನವು ಈ ನಂಬಿಕೆಗೆ ಗೊಬ್ಬರವಾಗುತ್ತದೆ.

ಪುನರ್ವಿವಾಹದ ವಿಷಯವನ್ನು ನಮ್ಮ ಸಾಹಿತ್ಯ ಆಳವಾಗಿ ನೋಡಿದೆ, ಆದರೆ ಬಹುತೇಕ ಹಿರಿಯರ ಕಣ್ಣಿನಿಂದ. ಎಸ್. ಎಲ್. ಭೈರಪ್ಪನವರ 'ವಂಶವೃಕ್ಷ'ದಲ್ಲಿ, 1965ರಲ್ಲಿ ಬಂದ ಕಾದಂಬರಿ ಅದು, ವಿಧವೆಯಾದ ಕಾತ್ಯಾಯಿನಿ ಮರುಮದುವೆಯಾಗುತ್ತಾಳೆ. ಮಗ ಚೀನಿ ನಂಜನಗೂಡಿನಲ್ಲಿ ತಾತ ಶ್ರೀನಿವಾಸ ಶ್ರೋತ್ರಿಯವರ ಬಳಿಯೇ ಉಳಿಯುತ್ತಾನೆ. ಶ್ರೋತ್ರಿಯವರು ಸರಿಯೋ ಕಾತ್ಯಾಯಿನಿ ಸರಿಯೋ ಎಂದು ನನ್ನ ವಯಸ್ಸಿನ ಓದುಗರು ರಾತ್ರಿಯಿಡೀ ವಾದಿಸಿದ್ದುಂಟು. ಚೀನಿಗೆ ಏನು ಹೇಳಿದರು, ಯಾರು ಹೇಳಿದರು ಎಂದು ಆ ಕೂಟಗಳಲ್ಲಿ ಯಾರೂ ಕೇಳಿದ ನೆನಪಿಲ್ಲ. ಪುರಾಣಕಾರನೇ ಈ ವಿಷಯದಲ್ಲಿ ನಮಗಿಂತ ಮೇಲು. ಸುರುಚಿಯ ಮಾತಿನಿಂದ ನೊಂದು ತಂದೆಯ ತೊಡೆಯಿಂದ ದೂರವಾದ ಐದು ವರ್ಷದ ಧ್ರುವನು ಅಳುತ್ತ ಬಂದಾಗ ಸುನೀತಿಯು ಏನೂ ಆಗಿಲ್ಲವೆಂದು ಮುಚ್ಚಿಡುವುದಿಲ್ಲ, ಸವತಿಯ ಮೇಲೆ ಮಗನನ್ನು ಎತ್ತಿಕಟ್ಟುವುದೂ ಇಲ್ಲ. ಇರುವ ಸಂಗತಿಯನ್ನು ಇರುವಂತೆಯೇ ತಿಳಿಸಿ, ಅವನು ಏನು ಮಾಡಬಹುದೆಂಬುದನ್ನು ಹೇಳುತ್ತಾಳೆ. ಹರಿಕಥೆಯಲ್ಲಿ ಆ ಪ್ರಸಂಗ ಬಂದಾಗ ತಪಸ್ಸಿನ ಭಾಗಕ್ಕೆ ಕೈಮುಗಿಯುವ ನಾವು ತಾಯಿಯ ಈ ನಡವಳಿಕೆಯನ್ನು ಕೇಳಿಸಿಕೊಳ್ಳದೆ ಬಿಟ್ಟಿದ್ದೇವೆ.

ಶಾಲೆಯ ಮಾತನ್ನೂ ಒಂದಿಷ್ಟು ಆಡಬೇಕು. "ನಮ್ಮ ಕುಟುಂಬ" ಎಂಬ ಪಾಠದ ದಿನ ಅಪ್ಪ, ಅಮ್ಮ, ಅಜ್ಜ, ಅಜ್ಜಿ ಇವರ ಭಾವಚಿತ್ರಗಳನ್ನು ಅಂಟಿಸಿಕೊಂಡು ಬರಬೇಕೆಂದು ಅಪ್ಪಣೆ ಮಾಡುವ ಉಪಾಧ್ಯಾಯಿನಿಯ ಮನಸ್ಸಿನಲ್ಲಿ ಕೆಟ್ಟದ್ದೇನೂ ಇರುವುದಿಲ್ಲ. ಆದರೂ ನಲವತ್ತು ಮಕ್ಕಳ ತರಗತಿಯಲ್ಲಿ ಒಂದೆರಡು ಮಕ್ಕಳಾದರೂ ಆ ದಿನ ಹೊಟ್ಟೆನೋವೆಂದು ಮನೆಯಲ್ಲಿ ಉಳಿಯುತ್ತಾರೆ. ಪಾಸ್‌ಪೋರ್ಟಿನ ಅರ್ಜಿಯಲ್ಲಿ ತಂದೆತಾಯಿಯರಲ್ಲಿ ಒಬ್ಬರ ಹೆಸರು ಸಾಕೆಂದು ಕೇಂದ್ರ ಸರ್ಕಾರವೇ 2016ರ ಡಿಸೆಂಬರಿನಲ್ಲಿ ಒಪ್ಪಿಕೊಂಡಿದೆ. ಸರ್ಕಾರಿ ಕಚೇರಿಗೆ ಸಾಧ್ಯವಾದ ಔದಾರ್ಯ ಶಾಲೆಗೆ ಅಸಾಧ್ಯವಾಗಬಾರದು. "ನಿನ್ನ ಮನೆಯಲ್ಲಿ ಯಾರು ಯಾರು ಇದ್ದಾರೋ ಅವರ ಚಿತ್ರ ಬರೆದುಕೊಂಡು ಬಾ" ಎಂದರೆ ಪಾಠ ಕೆಡುವುದಿಲ್ಲ.

ಹಾಗಾದರೆ ಮಗುವಿಗೆ ಹೇಳುವುದೇನು? ಹಿರಿಯರ ಹಗರಣಗಳನ್ನೆಲ್ಲ ಅದರ ಮುಂದೆ ಹರಡಬೇಕೆಂದು ನಾನು ಹೇಳಲಾರೆ. ಯಾರು ಯಾರಿಗೆ ಏನು ಅನ್ಯಾಯ ಮಾಡಿದರೆಂಬ ಚರಿತ್ರೆ ಎಂಟು ವರ್ಷದವನಿಗೆ ಬೇಡ. ಅವನಿಗೆ ಬೇಕಾದುದು ಬಲು ಕಿರಿದು, ಬಲು ಸ್ಥೂಲ: ನಾಳೆ ನಾನು ಎಲ್ಲಿ ಮಲಗುತ್ತೇನೆ, ಅದೇ ಶಾಲೆಯೋ ಬೇರೆಯೋ, ಬೆಕ್ಕು ಯಾರ ಜೊತೆ ಹೋಗುತ್ತದೆ, ಅಜ್ಜಿಯನ್ನು ನೋಡಬಹುದೆ, ಇದು ನನ್ನಿಂದ ಆಯಿತೆ. ಈ ಕೊನೆಯದನ್ನು ಮಗು ಬಾಯಿಬಿಟ್ಟು ಕೇಳುವುದಿಲ್ಲವಾದ್ದರಿಂದ ಕೇಳದೆಯೇ ಉತ್ತರಿಸಬೇಕು, ಮತ್ತೆ ಮತ್ತೆ ಉತ್ತರಿಸಬೇಕು. "ನೀನು ಯಾರ ಜೊತೆ ಇರುತ್ತೀಯೆ?" ಎಂದು ನೆಂಟರ ಮುಂದೆ ಕೇಳುವ ಕ್ರೌರ್ಯವನ್ನು ಯಾವ ಕಾರಣಕ್ಕೂ ಮಾಡಕೂಡದು; ನ್ಯಾಯಾಧೀಶರು ತಮ್ಮ ಕೊಠಡಿಯಲ್ಲಿ ಎಚ್ಚರದಿಂದ ಕೇಳುವ ಪ್ರಶ್ನೆಯನ್ನು ಸೋದರತ್ತೆಯರು ಊಟದ ಪಂಕ್ತಿಯಲ್ಲಿ ಕೇಳುವುದು ನಮ್ಮ ಮದುವೆಮನೆಗಳ ದೊಡ್ಡ ಅನಾಚಾರ.

ಪಾಲುಪಟ್ಟಿಯನ್ನೋ ಪರಸ್ಪರ ಒಪ್ಪಿಗೆಯ ವಿಚ್ಛೇದನದ ಅರ್ಜಿಯನ್ನೋ ಬರೆಯುವ ವಕೀಲ ಮಹಾಶಯರಲ್ಲಿಯೂ ಅದಕ್ಕೆ ರುಜುಹಾಕುವ ಹಿರಿಯರಲ್ಲಿಯೂ ನನ್ನ ಬಿನ್ನಹ ಇಷ್ಟು. ನಿವೇಶನ, ಒಡವೆ, ಬ್ಯಾಂಕಿನ ಠೇವಣಿ, ವಾಹನ ಎಲ್ಲವನ್ನೂ ಕ್ರಮಸಂಖ್ಯೆ ಹಾಕಿ ಬರೆದ ಮೇಲೆ ಇನ್ನೊಂದು ಪುಟವನ್ನು ಸೇರಿಸಿರಿ. ಶಾಲೆಯ ದಿನಗಳಲ್ಲಿ ಮಗು ಯಾವ ಮನೆಯಲ್ಲಿರುವುದು, ದಸರೆ ಮತ್ತು ಬೇಸಿಗೆಯ ರಜೆಗಳಲ್ಲಿ ಎಲ್ಲಿ, ಆ ಕಡೆಯ ಅಜ್ಜ ಅಜ್ಜಿಯರನ್ನೂ ಒಡಹುಟ್ಟಿದವರಂತೆ ಬೆಳೆದ ಮಕ್ಕಳನ್ನೂ ಎಂದು ಕಾಣುವುದು, ಜ್ವರ ಬಂದರೆ ಯಾರು ಯಾರಿಗೆ ತಿಳಿಸತಕ್ಕುದು ಎಂಬುದನ್ನು ಮಗುವಿಗೆ ಅರ್ಥವಾಗುವ ಕನ್ನಡದಲ್ಲಿ ಬರೆಯಿರಿ. ರುಜು ಹಾಕುವ ಮುನ್ನ ಅದನ್ನು ಮಗುವಿಗೆ ಓದಿ ಹೇಳಿರಿ, ತಂದೆತಾಯಿಯರಿಬ್ಬರೂ ಜೊತೆಯಲ್ಲಿ ಕುಳಿತು.